ಕಲ್ಲೂರು ಕೂಗದ ಕಡಲು

ದಂತವೈದ್ಯರ ಕುರ್ಚಿಯಲ್ಲಿ ಬಾಯಿ ತೆರೆದು ಮಲಗಿದ್ದಾಗಲೂ ವಾರಿಜಾ ಮೆಂಡನ್‌ಗೆ ಬಿಡುಗಡೆ ಇರಲಿಲ್ಲ. ಮರಗಟ್ಟಿದ ದವಡೆಗೆ ಇಕ್ಕಳ ಇಳಿಸುತ್ತ ಡಾಕ್ಟರು ಕೇಳಿದರು: "ನಿಮ್ಮ ಯಂತ್ರಕ್ಕೆ ಎಂತ ಆಗಿದೆ ಮೇಡಂ? ಕಲ್ಲೂರು ಮೀನು ತಿನ್ನದೆ ನಾಲಿಗೆಯೇ ಸತ್ತು ಹೋಗಿದೆ ಮಾರಾಯ್ರೆ."

ಉತ್ತರ ಕೊಡಲು ಅವಳ ಬಾಯಿ ಖಾಲಿ ಇರಲಿಲ್ಲ. ಇದ್ದಿದ್ದರೆ ಅವಳು ಹೇಳುತ್ತಿದ್ದ ಮಾತು ಆ ಸಜ್ಜನರ ಕಿವಿಗೆ ಒಳ್ಳೆಯದಾಗಿರುತ್ತಿರಲಿಲ್ಲ.

ಹೊರಗೆ ಬಂದರೆ ರಿಕ್ಷಾದವನದೂ ಅದೇ ಪ್ರಶ್ನೆ. ತರಕಾರಿ ಅಂಗಡಿಯಲ್ಲಿ ಅದೇ. ಬ್ಯಾಂಕಿನಲ್ಲಿ ಅದೇ. ಕರಾವಳಿಯ ಅಷ್ಟೂ ಜನಕ್ಕೆ ಕಡಲು ಸುಮ್ಮನಾದದ್ದು ವಾರಿಜಾಳ ವೈಯಕ್ತಿಕ ತಪ್ಪು. ಅವಳು ಕಡಲಧ್ವನಿ ಕೇಂದ್ರದಲ್ಲಿ ಆಲಿಸುವ ವಿಭಾಗದ ಮುಖ್ಯಸ್ಥೆ. ಆದ್ದರಿಂದ ಕಡಲು ಮಾತಾಡದಿದ್ದರೆ ಅವಳೇ ಜವಾಬು ಕೊಡಬೇಕು.

ಕಡಲು ಮೂಕವಲ್ಲ ಎಂದು ಊರಿಗೆ ಮೊದಲು ತಿಳಿಸಿದವಳೂ ಅವಳೇ. ಹತ್ತು ಹನ್ನೆರಡು ವರ್ಷಗಳ ಹಿಂದೆ, ಇನ್ನೂ ಹೊಸದಾಗಿ ಕೆಲಸಕ್ಕೆ ಸೇರಿದ್ದಾಗ, ನೀರಿನಡಿಗೆ ಮೈಕು ಇಳಿಸಿ ಅವಳು ಕಲ್ಲೂರು ಮೀನಿನ ಸಂಜೆಯ ಮೇಳವನ್ನು ಹಿಡಿದಿದ್ದಳು. ಗಂಡು ಕಲ್ಲೂರಿನ ಹೊಟ್ಟೆಯಲ್ಲೊಂದು ಗಾಳಿಚೀಲ ಇರುತ್ತದೆ. ಅದರ ಎರಡು ಬದಿಯ ಕೆಂಪು ಸ್ನಾಯು ಬಿಗಿದು ಸಡಿಲಿಸಿದರೆ ಚೆಂಡೆಯ ಮೇಲೆ ಬೆರಳಾಡಿಸಿದಂತೆ ಡರ್ರ್, ಡರ್ರ್ ಎಂಬ ಸದ್ದು. ಮಳೆಗಾಲ ಮುಗಿದು ಮೊಟ್ಟೆಯಿಡುವ ಹದ ಬಂದಾಗ, ಹೊತ್ತು ಮುಳುಗುವ ವೇಳೆಗೆ, ಸಾವಿರಾರು ಗಂಡುಗಳು ಹೀಗೆ ಕೂಗಿ ಹೆಣ್ಣುಗಳನ್ನು ಕರೆಯುತ್ತವೆ. ಆ ಧ್ವನಿಮುದ್ರಿಕೆ ಕೇಳಿದವರೆಲ್ಲ ಬೆರಗಾದರು. ಬೆರಗು ಮುಗಿದ ಮೇಲೆ ಒಬ್ಬರು ಕೇಳಿದರು: ಹಾಗಾದರೆ ಮೀನು ಎಲ್ಲಿದೆ ಎಂದು ಗೊತ್ತಾಗುತ್ತದಲ್ಲ?

ಗೊತ್ತಾಗುತ್ತಿತ್ತು. ಕರಾವಳಿಯುದ್ದಕ್ಕೂ ಕಡಲ ತಳದಲ್ಲಿ ಕಿವಿಗಳನ್ನು ನೆಟ್ಟರು. ಕಿವಿಗಳು ಕೇಳಿದ್ದನ್ನು ಗುಡ್ಡದ ಮೇಲಿನ ಕೇಂದ್ರದ ಕಂಪ್ಯೂಟರು ಬಿಡಿಸಿ ನೋಡಿ, ಯಾವ ಜಾಗದಲ್ಲಿ ಎಷ್ಟು ಕೂಗು ಎಂದು ಲೆಕ್ಕ ಹಾಕಿ, ಬೋಟಿನವರ ಮೊಬೈಲಿಗೆ ನೇರ ಕಳಿಸುತ್ತಿತ್ತು. ನಡುವೆ ಮನುಷ್ಯರ ಕೈ ಸೋಕುವ ಹಾಗೇ ಇರಲಿಲ್ಲ. ಯಾರೂ ತಮ್ಮವರಿಗೆ ಮೊದಲು ಹೇಳಿಬಿಡಬಾರದು ಎಂದು ಹಾಗೆ ಮಾಡಿದ್ದು. ಅದಕ್ಕೆ ಕಡಲಕಿವಿ ಎಂದು ಹೆಸರಾಯಿತು. ಬೋಟಿನವರು ನೀರಿನ ಬಣ್ಣ ನೋಡುವುದು, ಹಕ್ಕಿಗಳ ಹಿಂದೆ ಹೋಗುವುದು ಎಲ್ಲ ಬಿಟ್ಟರು. ಮೊಬೈಲಿನಲ್ಲಿ ಕೆಂಪು ಚುಕ್ಕೆ ಮೂಡಿದಲ್ಲಿಗೆ ಹೋಗಿ ಬಲೆ ಹಾಕಿದರು. ಬಂದರಿನ ದಕ್ಕೆಯಲ್ಲಿ ಬೋಟುಗಳು ಹೊಸ ಬಣ್ಣ ಕಂಡವು. ವಾರಿಜಾಳ ಅಣ್ಣ ಯಾದವ ತಾರಸಿ ಮನೆ ಕಟ್ಟಿಸಿದ. ಅವಳಿಗೆ ಮೂರು ಕಡೆ ಶಾಲು ಹೊದಿಸಿದರು.

ಆಮೇಲೆ ಮೇಳ ಸಣ್ಣದಾಗುತ್ತ ಬಂತು. ಈ ವರ್ಷ ನವರಾತ್ರಿ ಕಳೆದರೂ ಒಂದೇ ಒಂದು ಡರ್ರ್ ಇಲ್ಲ.

ಕೇಂದ್ರದವರು ಕಿವಿಗಳನ್ನು ಬದಲಿಸಿದರು. ತಂತಿ ಬದಲಿಸಿದರು. ಗೇಟಿನ ಬಳಿ ತೆಂಗಿನಕಾಯಿ ಒಡೆಸಿದರು. ದಿಲ್ಲಿಯಿಂದ ಒಂದು ಸಮಿತಿ ಬಂದು, ಎರಡು ದಿನ ಅಂಜಲ್ ಮೀನಿನ ಫ್ರೈ ತಿಂದು, ಯಂತ್ರ ಸರಿಯಾಗಿದೆ ಎಂದು ಕಂಡುಕೊಂಡು, ಯಂತ್ರವನ್ನು ಕೂಡಲೇ ಪರೀಕ್ಷಿಸಬೇಕು ಎಂದು ವರದಿ ಬರೆದು ಹೋಯಿತು.

ಹಲ್ಲು ಕೀಳಿಸಿಕೊಂಡ ವಾರದ ಆದಿತ್ಯವಾರ ವಾರಿಜಾ ಅಣ್ಣನ ಮನೆಗೆ ಊಟಕ್ಕೆ ಹೋದಾಗ ಯಾದವ ಬಾಗಿಲಲ್ಲೇ ಕಾಯುತ್ತಿದ್ದ. ಅವಳು ಚಪ್ಪಲಿ ಬಿಡುವ ಮೊದಲೇ ಒಂದು ಬುಟ್ಟಿಯನ್ನು ತಂದು ಅವಳ ಕಾಲ ಬುಡದಲ್ಲಿ ಕುಕ್ಕಿದ. ಬುಟ್ಟಿ ತುಂಬ ಕಲ್ಲೂರು.

"ನೋಡು! ನಿನ್ನ ಯಂತ್ರದ ಯೋಗ್ಯತೆ ನೋಡು! ಬಿಳಿಪಾರೆ ಬಂಡೆಯ ಹತ್ತಿರ ಸಿಗಡಿಗೆ ಅಂತ ಹಾಕಿದ ಬಲೆಗೆ ಬಂದದ್ದು ಇದು. ನಿನ್ನ ಕಡಲಕಿವಿ ಅಲ್ಲಿ ಎಂತ ಹೇಳ್ತದೆ ಗೊತ್ತುಂಟಾ? ಸೊನ್ನೆ! ದೊಡ್ಡ ಸೊನ್ನೆ!"

"ಅಣ್ಣ, ಒಳಗೆ ಬರ್ಲಿಕ್ಕೆ ಬಿಡ್ತೀಯಾ?"

"ದಕ್ಕೆಯಲ್ಲಿ ನನ್ನ ಮುಖ ನೋಡಿ ನಗ್ತಾರೆ. ತಂಗಿ ವಿಜ್ಞಾನಿ ಅಂತೆ, ಕಿವುಡು ವಿಜ್ಞಾನಿ ಅಂತೆ!"

ಒಳಗಿನಿಂದ ಬೇಬಿ ಅತ್ತಿಗೆಯ ಸ್ವರ ಬಂತು. "ಬೈಯುದಾದ್ರೆ ಊಟ ಆದ ಮೇಲೆ ಬೈಯಿರಿ. ವಾರಿಜಾ, ನೀನು ಬಾ, ಮೀನು ಕೊಯ್ಯುವ. ಇಬ್ಬರಾದ್ರೆ ಬೇಗ ಆಗ್ತದೆ."

ಬೇಬಿ ಅತ್ತಿಗೆ ಇಪ್ಪತ್ತು ವರ್ಷ ಮಾರ್ಕೆಟ್ಟಿನಲ್ಲಿ ಮೀನು ಮಾರಿದವಳು. ಗಂಡನ ಬೊಬ್ಬೆಯನ್ನು ಅವಳು ಮಳೆಯ ಹಾಗೆ ಕಾಣುತ್ತಿದ್ದಳು. ನಿಲ್ಲುವಾಗ ನಿಲ್ಲುತ್ತದೆ, ಅಷ್ಟರೊಳಗೆ ಕೆಲಸ ಮುಗಿಸಬೇಕು.

ವಾರಿಜಾ ಸೆರಗು ಸಿಕ್ಕಿಸಿ ಮೆಟ್ಟುಕತ್ತಿಯ ಮುಂದೆ ಕುಳಿತಳು. ಮೊದಲ ಮೀನಿನ ಹೊಟ್ಟೆ ಸೀಳಿದಳು, ಗಂಡು. ಗಾಳಿಚೀಲ ಎಳೆದು ಬಿಸಾಡಲು ಹೋದವಳ ಕೈ ನಿಂತಿತು. ಚೀಲದ ಬದಿಯಲ್ಲಿ ಇರಬೇಕಾಗಿದ್ದ ಕೆಂಪು ಮಾಂಸ ಇರಲಿಲ್ಲ. ಓದುವ ಕಾಲದಲ್ಲಿ ಅವಳು ನೂರಾರು ಕಲ್ಲೂರು ಕೊಯ್ದು ನೋಡಿದ್ದಳು. ಆ ಸ್ನಾಯು ದಾಸವಾಳದ ಎಸಳಿನಷ್ಟು ದಪ್ಪ, ಅಷ್ಟೇ ಕೆಂಪು. ಇಲ್ಲಿದ್ದದ್ದು ಬಿಳಿಚಿದ ಒಂದು ನೂಲು. ಇನ್ನೊಂದು ಗಂಡು ಕೊಯ್ದಳು. ಅದರಲ್ಲೂ ನೂಲು. ಮತ್ತೊಂದು, ಮಗದೊಂದು. ಹೆಣ್ಣು ಮೀನುಗಳ ಹೊಟ್ಟೆಯಲ್ಲಿ ಮೊಟ್ಟೆ ತುಂಬಿ, ಹೊರಗೆ ಬಾರದೆ, ಹಳದಿ ಗಟ್ಟಿಯಾಗಿ ಹಳಸಿ ಹೋಗಿತ್ತು.

"ಎಂತ ಮಾರಾಯ್ತಿ, ಮೀನು ನೋಡದವರ ಹಾಗೆ ಕೂತಿದ್ದೀಯಲ್ಲ," ಎಂದಳು ಬೇಬಿ ಅತ್ತಿಗೆ.

"ಅತ್ತಿಗೆ, ಯಂತ್ರ ಹಾಳಾಗಿಲ್ಲ."

"ಮತ್ತೆ?"

"ಮೀನಿಗೇ ಸ್ವರ ಇಲ್ಲ."

ಯಾದವನೂ ಅಡುಗೆಮನೆಯ ಬಾಗಿಲಿಗೆ ಬಂದಿದ್ದ. ವಾರಿಜಾ ರಕ್ತದ ಕೈಯಲ್ಲೇ ವಿವರಿಸಿದಳು. ಗಟ್ಟಿಯಾಗಿ ಕೂಗಿದ ಮೀನುಗಳ ಜಾಗವನ್ನು ಕಡಲಕಿವಿ ತೋರಿಸಿತು. ಬೋಟಿನವರು ಹೋಗಿ ಅವುಗಳನ್ನು ಎತ್ತಿಕೊಂಡು ಬಂದರು. ವರ್ಷ ವರ್ಷವೂ ಹಾಗೇ ಮಾಡಿದರು. ಸಣ್ಣ ಸ್ವರದವು, ಸ್ವರವೇ ಏಳದವು ಮಾತ್ರ ಬಲೆಗೆ ಬೀಳದೆ ಉಳಿದವು. ಅವುಗಳಿಗೆ ಹುಟ್ಟಿದವು ಅವುಗಳ ಹಾಗೇ ಹುಟ್ಟಿದವು. ಈಗ ಉಳಿದಿರುವುದು ಮೂಗರ ಸಂತತಿ.

"ಸ್ವರ ಇಲ್ಲದಿದ್ರೆ ಎಂತ?" ಎಂದ ಯಾದವ. "ಸಾರು ಮಾಡ್ಲಿಕ್ಕೆ ಸ್ವರ ಬೇಕಾ?"

"ಹೆಣ್ಣಿಗೆ ಬೇಕು ಅಣ್ಣ. ಕರೆಯುವವರಿಲ್ಲದಿದ್ರೆ ಅವು ಒಂದು ಕಡೆ ಸೇರುದಿಲ್ಲ. ಸೇರದಿದ್ರೆ ಮರಿ ಇಲ್ಲ. ಇನ್ನು ಎರಡು ಮೂರು ವರ್ಷ, ಅಷ್ಟೇ. ಮತ್ತೆ ನಿನ್ನ ಸಾರಿಗೂ ಇಲ್ಲ."

ಬೇಬಿ ಅತ್ತಿಗೆ ಕೈಯಲ್ಲಿದ್ದ ಮೀನನ್ನು ನೋಡುತ್ತ, "ಪಾಪ," ಎಂದಳು. ಆಮೇಲೆ ಅದನ್ನು ತುಂಡು ಮಾಡಿದಳು.

ಮರುದಿನ ಬೆಳಿಗ್ಗೆ ಕೇಂದ್ರದ ಪ್ರಯೋಗಾಲಯದಲ್ಲಿ ವಾರಿಜಾ ಮತ್ತು ಎಂಜಿನಿಯರ್ ವಿಲ್ಮಾ ಕ್ರಾಸ್ತಾ ಇನ್ನಷ್ಟು ಮೀನು ತರಿಸಿ ಕೊಯ್ದು, ತೂಗಿ, ಸೂಕ್ಷ್ಮದರ್ಶಕದಲ್ಲಿ ನೋಡಿದರು. ಸಂಶಯಕ್ಕೆ ಎಡೆಯೇ ಇರಲಿಲ್ಲ. ಅಲ್ಲೊಂದು ಇಲ್ಲೊಂದು ಗಂಡಿನಲ್ಲಿ ಮಾತ್ರ ತೆಳ್ಳಗಿನ ಕೆಂಪು ಪಟ್ಟಿ ಉಳಿದಿತ್ತು. ವಾರಿಜಾ ಅದೇ ತಟ್ಟೆ ಹಿಡಿದುಕೊಂಡು ನಿರ್ದೇಶಕರ ಕೋಣೆಗೆ ಹೋದಳು.

ನಿರ್ದೇಶಕ ಡಾ. ಗುರುರಾಜ ಇನಾಮದಾರರು ಧಾರವಾಡದವರು, ಶುದ್ಧ ಸಸ್ಯಾಹಾರಿ. ಮೂಗಿಗೆ ಕರವಸ್ತ್ರ ಹಿಡಿದು ಕೇಳಿಸಿಕೊಂಡರು.

"ನೀವು ಹೇಳೋದು ನನಗ ತಿಳೀತದರೀ ಮೇಡಂ. ಆದ್ರ ಮಂತ್ರಿಗಳಿಗೆ ಏನ್ ಹೇಳ್ಲಿ? ಮೀನು ಮೂಕ ಆಗ್ಯಾವ ಅಂತ ಹೇಳ್ಲೇನು?"

"ಹೌದು ಸರ್. ಹಾಗೇ ಹೇಳಿ."

"ನಗ್ತಾರ್ರೀ." ಅವರು ತಟ್ಟೆಯನ್ನು ಬೆರಳಿನ ತುದಿಯಿಂದ ದೂರ ಸರಿಸಿದರು. "ನೋಡ್ರಿ, ಇದಕ್ಕ ನಾನು ಆಗಲೇ ದಾರಿ ಹುಡುಕೀನಿ. ಇನ್ನೂ ಸೂಕ್ಷ್ಮ ಕಿವಿ ತರಸೋಣು. ಮೀನು ಕೂಗೋದೇ ಬ್ಯಾಡ, ಉಸಿರಾಡಿದ್ರ ಸಾಕು, ನಮಗ ಕೇಳಿಸಬೇಕು."

ವಾರಿಜಾ ಹಲ್ಲು ಕಚ್ಚಿದಳು. ದವಡೆಯಲ್ಲಿ ಹಲ್ಲು ಕಿತ್ತಿದ್ದ ಜಾಗ ಚುರುಗುಟ್ಟಿತು. "ಸರ್, ಹಾಗೆ ಮಾಡಿದರೆ ಉಸಿರಾಡುವ ಮೀನನ್ನೆಲ್ಲ ಹಿಡಿಯುತ್ತಾರೆ. ಉಸಿರಾಡದ ಮೀನು ಹುಟ್ಟುವುದಿಲ್ಲ ಸರ್."

"ಸ್ವಲ್ಪ ಸಕಾರಾತ್ಮಕ ವಿಚಾರ ಮಾಡ್ರಿ," ಎಂದರು ಇನಾಮದಾರರು.

ಬೋಟು ಮಾಲೀಕರ ಸಂಘದ ಸಭೆಗೂ ಅವಳು ಹೋದಳು. ಬಿಳಿಪಾರೆಯ ಸುತ್ತ ಎರಡು ವರ್ಷ, ಮೊಟ್ಟೆಯಿಡುವ ತಿಂಗಳುಗಳಲ್ಲಿ ಮಾತ್ರ, ಬಲೆ ಹಾಕಬೇಡಿ ಎಂದು ಕೈಮುಗಿದು ಕೇಳಿದಳು. ಬಿಳಿಪಾರೆ ಎಂದರೆ ದಡದಿಂದ ಎರಡು ಗಂಟೆ ದೂರದಲ್ಲಿ, ಇಳಿತದ ಹೊತ್ತಿಗೆ ಬೆನ್ನು ತೋರಿಸುವ ಒಂದು ಬಂಡೆ. ಅದರ ಬುಡದಲ್ಲೇ ಕಲ್ಲೂರು ಉಳಿದಿರುವುದು.

ಮೊದಲ ಸಾಲಿನ ಒಬ್ಬರು ಎದ್ದು ನಿಂತರು. "ಅಲ್ಲಿ ಮೀನು ಉಂಟೋ ಇಲ್ವೋ, ಅದನ್ನು ಮೊದಲು ಹೇಳಿ."

"ಉಂಟು. ಆದರೆ ಕೂಗುವುದಿಲ್ಲ."

"ಇದ್ರೆ ಹಿಡಿಯುವ. ಇಲ್ಲದಿದ್ರೆ ಬಂದ್ ಮಾಡುದು ಯಾಕೆ?"

ಸಭೆಗೆ ಈ ತರ್ಕ ಬಹಳ ಹಿಡಿಸಿತು. ಚಪ್ಪಾಳೆ ಬಿತ್ತು. ವಾರಿಜಾ ಮತ್ತೆ ವಿವರಿಸಿದಳು. ಮತ್ತೆ ಅದೇ ಪ್ರಶ್ನೆ. ಮೂರನೆಯ ಸಲ ವಿವರಿಸುವಾಗ ಅವಳ ಸ್ವರವೇ ಬಿದ್ದುಹೋಯಿತು. ಬಂದ್ ಬೇಡ ಎನ್ನುವವರು ಕೈ ಎತ್ತಿ ಎಂದಾಗ ಎತ್ತಿದ ಕೈಗಳಲ್ಲಿ ಯಾದವನದೂ ಒಂದಿತ್ತು. ಅವನು ಅವಳ ಕಡೆ ನೋಡಲಿಲ್ಲ.

ಕೇಂದ್ರಕ್ಕೆ ಮರಳಿ ಅವಳು ಆಲಿಸುವ ಕೋಣೆಯಲ್ಲಿ ಕುಳಿತಳು. ತೆರೆಯ ಮೇಲೆ ಕರಾವಳಿಯ ನಕ್ಷೆ, ಕಿವಿಯಿರುವ ಕಡೆಯಲ್ಲೆಲ್ಲ ಸೊನ್ನೆ. ವಿಲ್ಮಾ ಚಹಾ ತಂದಿಟ್ಟಳು.

"ವಿಲ್ಮಾ, ಪ್ರತಿ ಕಿವಿಯ ಪಕ್ಕದಲ್ಲಿ ಪರೀಕ್ಷೆಗೆ ಅಂತ ಒಂದು ಸ್ಪೀಕರ್ ಇಟ್ಟಿದ್ದೇವಲ್ಲ, ಅದು ಎಷ್ಟು ಜೋರಾಗಿ ಕೇಳ್ತದೆ?"

"ಮೀನು ಕೂಗಿದಷ್ಟು ಕೇಳ್ತದೆ ಮೇಡಂ. ಯಾಕೆ?"

"ಹಳೆಯ ಮೇಳ ನನ್ನ ಹತ್ತಿರ ಉಂಟು. ಬಿಳಿಪಾರೆಯಲ್ಲಿ ಅದನ್ನು ಹಾಕಿದರೆ ಹೆಣ್ಣುಗಳು ಬಂದು ಸೇರ್ತವೆ. ಮೂಗ ಗಂಡುಗಳೂ ಬರ್ತವೆ. ಮೊಟ್ಟೆ ಇಡ್ತವೆ."

"ಬೋಟುಗಳೂ ಬರ್ತವೆ. ಕಿವಿ ಕೇಳಿದ ಕೂಡಲೇ ಚುಕ್ಕೆ ತೋರಿಸ್ತದೆ."

"ಬಿಳಿಪಾರೆಯ ಕಿವಿ ದುರಸ್ತಿಗೆ ಹೋಗ್ತದೆ. ಸ್ಪೀಕರ್ ಮಾತ್ರ ಅಲ್ಲೇ ಇರ್ತದೆ. ಉಳಿದ ಎಲ್ಲ ಕಡೆಯೂ ಅದೇ ಮೇಳ ಹಾಕುವ. ಚುಕ್ಕೆ ಬೇಕಾದಷ್ಟು ತೋರಿಸಲಿ."

ವಿಲ್ಮಾಳಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಬೇಕಾಯಿತು. ಕಡಲಕಿವಿಯೊಳಗೆ ಸುಳ್ಳು ತುಂಬಲು ಯಾರಿಗೂ ಸಾಧ್ಯವಿಲ್ಲ ಎಂದು ಎಲ್ಲರೂ ಹೆಮ್ಮೆಪಡುತ್ತಿದ್ದರು. ಆದರೆ ಕಡಲಿಗೇ ಸುಳ್ಳು ಹೇಳಿಸಿದರೆ ಯಂತ್ರ ಅದನ್ನು ಪ್ರಾಮಾಣಿಕವಾಗಿ ಹೇಳಿಬಿಡುತ್ತದೆ.

"ಮೇಡಂ, ಇದು ಮೋಸ ಅಲ್ವಾ?"

"ಹೌದು."

"ಬೋಟಿನವರ ಡೀಸೆಲ್ಲು..."

"ಗೊತ್ತುಂಟು."

"ನಾನು ಇಗರ್ಜಿಯಲ್ಲಿ ಪಾಪನಿವೇದನೆಗೆ ಹೋದಾಗ ಎಂತ ಹೇಳುದು?"

"ಮೀನುಗಳಿಗೆ ಮದುವೆ ಮಾಡಿಸಿದೆ ಅಂತ ಹೇಳು," ಎಂದಳು ವಾರಿಜಾ. ನಗಲು ಹೋದಳು, ಆಗಲಿಲ್ಲ. ಅವಳು ಜೀವ ತೇಯ್ದು ಕಟ್ಟಿದ ಯಂತ್ರ ಅದು. ಜನ ಅದರ ಮಾತನ್ನು ನಂಬುತ್ತಿದ್ದರು. ಆ ನಂಬಿಕೆಯನ್ನು ಅವಳೇ ಕೊಲ್ಲಬೇಕಿತ್ತು. ಕೊಲ್ಲದೆ ಬೇರೆ ದಾರಿ ಇದೆಯೇ ಎಂದು ಒಂದು ವಾರ ಹುಡುಕಿದಳು, ದಿಲ್ಲಿಗೆ ಮೂರು ಸಲ ಫೋನು ಮಾಡಿದಳು. ಮೂರು ಸಲವೂ ಸಂಗೀತ ಕೇಳಿಸಿ ಫೋನು ಕಡಿದುಹೋಯಿತು.

ದೀಪಾವಳಿಗೆ ಮೊದಲು ಒಂದು ಸಂಜೆ ನಕ್ಷೆಯ ತುಂಬ ಕೆಂಪು ಚುಕ್ಕೆಗಳು ಅರಳಿದವು.

ದಕ್ಕೆಯಲ್ಲಿ ಪಟಾಕಿ ಹೊಡೆದರು. ಇನಾಮದಾರರು ಮಂತ್ರಿಗಳಿಗೆ ಫೋನು ಮಾಡಿ, ಸಕಾರಾತ್ಮಕ ವಿಚಾರದ ಫಲ ಎಂದರು. ಬೋಟುಗಳು ಹಾರ್ನು ಹಾಕುತ್ತ ಒಂದನ್ನೊಂದು ಹಿಂದೆ ಹಾಕಿ ಓಡಿದವು, ಚುಕ್ಕೆಯಿದ್ದಲ್ಲಿ ಬಲೆ ಹಾಕಿದವು, ಎಳೆದವು. ಬಲೆಯಲ್ಲಿ ನಾಲ್ಕು ಏಡಿ, ಒಂದು ಪ್ಲಾಸ್ಟಿಕ್ ಕೊಡ. ಮರುದಿನ ಬೇರೆ ಚುಕ್ಕೆಗೆ ಹೋದವು. ಮತ್ತೆ ಏಡಿ. ಚುಕ್ಕೆಯಿಲ್ಲದ ಬಿಳಿಪಾರೆಯ ಕಡೆ ಯಾರೂ ತಿರುಗಲಿಲ್ಲ. ಒಂದು ವಾರದೊಳಗೆ ಬೋಟಿನವರು ಕೇಂದ್ರದ ಗೇಟಿಗೆ ಬಂದು ಕುಳಿತರು. ಯಾರೋ ಕೊಳೆತ ಏಡಿಗಳನ್ನು ಮಾಲೆ ಮಾಡಿ ಕೇಂದ್ರದ ನಾಮಫಲಕಕ್ಕೆ ಹಾಕಿದರು. ಬರಿಗೈಯಲ್ಲಿ ಮನೆಗೆ ಹೋದ ಕೆಲಸದಾಳುಗಳ ಮುಖ ನೋಡುವಾಗ ವಾರಿಜಾಳಿಗೆ ಅನ್ನ ಸೇರುತ್ತಿರಲಿಲ್ಲ. ಇನಾಮದಾರರಿಗೆ ರಕ್ತದೊತ್ತಡ ಏರಿತು. ಅವರು ಅವಳನ್ನು ಆಲಿಸುವ ಕೋಣೆಯಿಂದ ತೆಗೆದು, ಶಾಲಾಮಕ್ಕಳಿಗೆ ಕಪ್ಪೆಚಿಪ್ಪು ತೋರಿಸುವ ವಸ್ತುಸಂಗ್ರಹಕ್ಕೆ ಹಾಕಿದರು. ಸ್ಪೀಕರುಗಳ ವಿಷಯ ಯಾರ ತಲೆಗೂ ಹೊಳೆಯಲಿಲ್ಲ. ಕೆಳಗಿನ ಕೋಣೆಯಲ್ಲಿ ವಿಲ್ಮಾ ಬಾಯಿಗೆ ಬೀಗ ಹಾಕಿಕೊಂಡು ಮೇಳ ಹಾಕುತ್ತಲೇ ಇದ್ದಳು.

ಯಾದವ ಹೆಂಡತಿಯನ್ನು ಕರೆದುಕೊಂಡು ತಂಗಿಯ ಮನೆಗೆ ಬಂದದ್ದು ಆಗ. ಈ ಸಲ ಬೊಬ್ಬೆ ಹಾಕಲಿಲ್ಲ. ಅದೇ ವಾರಿಜಾಳಿಗೆ ಹೆದರಿಕೆ ಹುಟ್ಟಿಸಿತು.

"ಎಲ್ಲ ಕಡೆ ಮೀನಂತೆ, ಎಲ್ಲಿಯೂ ಮೀನಿಲ್ಲ. ಮೀನಿದ್ದ ಒಂದೇ ಜಾಗದ ಕಿವಿ ದುರಸ್ತಿಯಲ್ಲಿ ಉಂಟು. ನಾನು ಓದಿದವನಲ್ಲ, ಆದ್ರೆ ಹುಚ್ಚನೂ ಅಲ್ಲ. ಎಂತ ಮಾಡಿದ್ದೀ ನೀನು?"

ಅವಳು ಎಲ್ಲ ಹೇಳಿದಳು. ಹೇಳಿ ಮುಗಿಯುವಷ್ಟರಲ್ಲಿ ಅವನ ಮುಖ ಕೆಂಪೇರಿತ್ತು.

"ನನಗೂ ಸುಳ್ಳು ಹೇಳಿದೆಯಲ್ಲ! ಒಡಹುಟ್ಟಿದವನಿಗೆ!"

"ನಿನಗೆ ಹೇಳಿದ್ರೆ ನೀನು ಸಂಘಕ್ಕೆ ಹೇಳ್ತಿದ್ದೆ."

"ಹೇಳ್ತಿದ್ದೆ! ಈಗಲೂ ಹೇಳ್ತೇನೆ! ಈಗಲೇ ಹೋಗಿ ಹೇಳ್ತೇನೆ!"

"ಹೋಗಿ ಹೇಳಿ," ಎಂದಳು ಬೇಬಿ ಅತ್ತಿಗೆ, ಕುಳಿತಲ್ಲಿಂದ ಅಲುಗದೆ. "ಆದ್ರೆ ಬಿಳಿಪಾರೆಯಲ್ಲಿ ಎಂತ ಉಂಟು ಅಂತ ಕೇಳಿದ್ರೆ ಎಂತ ಹೇಳ್ತೀರಿ? ನೋಡಿದ್ದೀರಾ? ಮೊದಲು ನೋಡಿ ಬನ್ನಿ, ಮತ್ತೆ ಊರಿಗೆಲ್ಲ ಹೇಳಿ."

ಯಾದವ ಹೊರಟು ನಿಂತವನು ತಿರುಗಿದ. "ನಾಳೆ ಸಂಜೆ ಹೋಗುವ. ನೀನೂ ಬರ್ಬೇಕು. ಬಲೆಯೂ ಬರ್ತದೆ. ಮೀನಿದ್ರೆ ಹಾಕ್ತೇನೆ, ಈಗಲೇ ಹೇಳಿದ್ದೇನೆ. ಅಲ್ಲಿ ಅತ್ತು ಕರೆದು ಮಾಡ್ಬೇಡ."

ಮರುದಿನ ಅವನ ಬೋಟು ಬಿಳಿಪಾರೆ ಮುಟ್ಟಿದಾಗ ಸೂರ್ಯ ನೀರಿನಿಂದ ಒಂದು ಮಾರು ಮೇಲಿದ್ದ. ಎಂಜಿನ್ ನಿಲ್ಲಿಸಿದರು. ಬೋಟಿನಲ್ಲಿ ಯಾದವ, ವಾರಿಜಾ, ಇಬ್ಬರು ಕೆಲಸದವರು. ವಾರಿಜಾ ಕೈಮೈಕನ್ನು ನೀರಿಗಿಳಿಸಿ, ತಂತಿಯ ತುದಿಯನ್ನು ಒಂದು ಸಣ್ಣ ಸ್ಪೀಕರಿಗೆ ಸಿಕ್ಕಿಸಿದಳು.

ನೀರಿನಡಿಯಿಂದ ಮೇಳ ಎದ್ದು ಬಂತು. ಸಾವಿರ ಗಂಟಲಿನ ಡರ್ರ್ ಡರ್ರ್, ಅಲೆ ಅಲೆಯಾಗಿ. ಕೆಲಸದವರಲ್ಲೊಬ್ಬ ಬೆಚ್ಚಿ ಬೋಟಿನ ಅಂಚು ಹಿಡಿದ. ಎಂದೋ ಬಲೆಗೆ ಬಿದ್ದು, ಮಾರಿಹೋಗಿ, ಊರೂರಿನ ಸಾರಿನಲ್ಲಿ ಮುಗಿದುಹೋದ ಮೀನುಗಳು ಅವು.

"ಇದು ನಿನ್ನ ಟೇಪು," ಎಂದ ಯಾದವ.

"ಹೌದು. ಈಗ ನಿಲ್ಲುತ್ತದೆ. ಉತ್ತರ ಕೊಡ್ಲಿಕ್ಕೆ ಅವಕ್ಕೆ ಸಮಯ ಬೇಕಲ್ಲ, ಅದಕ್ಕೆ ನಡುವೆ ನಿಲ್ಲಿಸುವ ಹಾಗೆ ಇಟ್ಟಿದ್ದೇವೆ."

ಮೇಳ ನಿಂತಿತು. ಒಗ್ಗರಣೆಯಲ್ಲಿ ಸಾಸಿವೆ ಸಿಡಿದ ಹಾಗೆ ಸಿಗಡಿಗಳ ಚಟಪಟ ಮಾತ್ರ ಉಳಿಯಿತು. ಯಾದವ ಬಾಯಿ ತೆರೆದ, ಏನೋ ಕೊಂಕು ಆಡಲು. ಅಷ್ಟರಲ್ಲಿ ಕೇಳಿಸಿತು. ಒಂದು ಡರ್ರ್. ನೆಗಡಿಯಾದವನ ಸ್ವರದ ಹಾಗೆ ಒಡಕು, ನಡುವೆಯೇ ತುಂಡಾಗುವಂಥದ್ದು. ಸ್ವಲ್ಪ ಹೊತ್ತಿನ ನಂತರ ಬಂಡೆಯ ಆಚೆ ಬದಿಯಿಂದ ಇನ್ನೊಂದು. ಮತ್ತೆ ಮೊದಲಿನದು, ಈ ಸಲ ಕೊಂಚ ಗಟ್ಟಿಯಾಗಿ.

ವಾರಿಜಾ ಎರಡೂ ಕೈಯಲ್ಲಿ ತಂತಿ ಹಿಡಿದುಕೊಂಡು ಕುಳಿತಿದ್ದಳು. ಕಣ್ಣೀರು ಗಲ್ಲದವರೆಗೆ ಇಳಿದದ್ದು ಅವಳಿಗೆ ಗೊತ್ತಾಗಲಿಲ್ಲ.

"ಅಳ್ಬೇಡ ಅಂತ ಹೇಳಿದ್ದೆ," ಎಂದ ಯಾದವ. ಆದರೆ ಅವನ ಸ್ವರ ಎಂದಿನದಾಗಿರಲಿಲ್ಲ.

"ಯಾದವಣ್ಣ, ಕೆಳಗೆ ನೋಡಿ," ಎಂದ ಇನ್ನೊಬ್ಬ ಕೆಲಸದವ.

ಓರೆ ಬಿಸಿಲಿನಲ್ಲಿ ನೀರಿನಡಿ ಬೆಳ್ಳಿ ಹೊರಳುತ್ತಿತ್ತು. ಹೆಣ್ಣು ಕಲ್ಲೂರುಗಳು ದಟ್ಟವಾಗಿ, ಒಂದರ ಮೈಗೊಂದು ತಾಗಿಕೊಂಡು, ಬಂಡೆಯ ಸುತ್ತ ತಿರುಗುತ್ತಿದ್ದವು. ಇಷ್ಟು ಮೀನನ್ನು ಆ ನಾಲ್ವರಲ್ಲಿ ಯಾರೂ ಕೆಲವು ವರ್ಷಗಳಿಂದ ನೋಡಿರಲಿಲ್ಲ. ಕೆಲಸದವರಿಬ್ಬರೂ ಆಗಲೇ ಬಲೆಗೆ ಕೈ ಹಾಕಿದ್ದರು. ಒಂದು ಸಲ ಬಲೆ ಬಿಟ್ಟರೆ ಬೋಟು ತುಂಬುತ್ತಿತ್ತು.

ವಾರಿಜಾ ಬೇಡ ಎನ್ನಲಿಲ್ಲ. ಸಭೆಯಲ್ಲಿ, ಕೋಣೆಯಲ್ಲಿ, ಫೋನಿನಲ್ಲಿ ಹೇಳಿ ಹೇಳಿ ಅವಳ ಮಾತೆಲ್ಲ ಮುಗಿದಿತ್ತು. ಅಣ್ಣನ ಮುಖವನ್ನು ನೋಡುತ್ತ ಕುಳಿತಳು.

ಯಾದವ ನೀರನ್ನು ನೋಡಿದ. ಬಲೆಯನ್ನು ನೋಡಿದ. ಒಡಕು ಸ್ವರದವನು ಮತ್ತೊಮ್ಮೆ ಕೂಗಿದ.

"ಥತ್," ಎಂದ ಯಾದವ. "ಎಂಜಿನ್ ಹಾಕು."

"ಬಲೆ?"

"ಬಲೆ ಮನೆಗೆ. ಕಿವಿ ಕೇಳುದಿಲ್ವಾ ನಿನಗೂ? ಎಂಜಿನ್ ಹಾಕು ಅಂದೆ! ಮತ್ತೆ ಇಲ್ಲಿ ಕಂಡದ್ದನ್ನು ದಕ್ಕೆಯಲ್ಲಿ ಯಾರಾದ್ರೂ ಬಾಯಿ ಬಿಟ್ರೆ ನಾಳೆಯಿಂದ ನನ್ನ ಬೋಟಿಗೆ ಕಾಲಿಡ್ಬೇಡಿ." ಆಮೇಲೆ ತಂಗಿಯ ಕಡೆ ತಿರುಗಿ, "ನಿನ್ನ ಹತ್ತಿರ ನಾನು ಮಾತಾಡುದಿಲ್ಲ," ಎಂದ. ದಾರಿಯುದ್ದಕ್ಕೂ ಮಾತಾಡಲೂ ಇಲ್ಲ.

ದಕ್ಕೆಗೆ ಬಂದಾಗ ದೀಪ ಹತ್ತಿತ್ತು. ಕೆಲಸವಿಲ್ಲದ ಬೋಟಿನವರು ಗುಂಪು ಗುಂಪಾಗಿ ಬೀಡಿ ಸೇದುತ್ತಿದ್ದರು. ಯಾದವನ ಬೋಟು ಬಂದ ದಿಕ್ಕನ್ನು ಗುರುತಿಸಿ ನಾಲ್ಕಾರು ಜನ ಮುಂದೆ ಬಂದರು. ಸಭೆಯಲ್ಲಿ ಮೊದಲ ಸಾಲಿನಲ್ಲಿ ಎದ್ದು ನಿಂತವರೇ ಕೇಳಿದರು:

"ಬಿಳಿಪಾರೆಗೆ ಹೋದದ್ದಾ ಯಾದವಣ್ಣ? ತಂಗಿಯನ್ನೂ ಕರ್ಕೊಂಡು ಹೋಗಿದ್ದೀರಿ. ಎಂತಾದ್ರೂ ಉಂಟಾ ಅಲ್ಲಿ?"

ಯಾದವ ಬೋಟಿನ ಮೂತಿಯ ಮೇಲೆ ಹತ್ತಿ ನಿಂತ.

"ಉಂಟು! ನನ್ನ ತಲೆ ಉಂಟು! ಕಲ್ಲು ಬಿಟ್ರೆ ನೀರು, ನೀರು ಬಿಟ್ರೆ ಕಲ್ಲು! ಇವಳ ಮಾತು ಕೇಳಿ ಎರಡು ಗಂಟೆ ಹೋಗಿ ಎರಡು ಗಂಟೆ ಬಂದೆ, ಒಂದು ಏಡಿಯೂ ಇಲ್ಲ! ಹಾಳು ಯಂತ್ರ, ಹಾಳು ಕೇಂದ್ರ! ಇವಳನ್ನು ಕಾಲೇಜಿಗೆ ಕಳಿಸಿದ ನನ್ನಪ್ಪನಿಗೆ ಬುದ್ಧಿ ಇರ್ಲಿಲ್ಲ! ಮೀನು ಕೊಯ್ಲಿಕ್ಕೆ ಕೂತಿದ್ರೆ ಇಷ್ಟರಲ್ಲಿ ಊರು ಉದ್ಧಾರ ಆಗ್ತಿತ್ತು! ಬಿಳಿಪಾರೆಗೆ ಇನ್ನು ಸತ್ತರೂ ಹೋಗುದಿಲ್ಲ ನಾನು. ನಿಮಗೆ ಡೀಸೆಲ್ಲು ಹೆಚ್ಚಾಗಿದ್ರೆ ಹೋಗಿ ಸಾಯಿರಿ!"

ಜನ ನಕ್ಕರು. ಕೆಲವರು ಅಯ್ಯೋ ಪಾಪ ಎಂದು ನಾಲಿಗೆ ಲೊಚಗುಟ್ಟಿದರು. ಅಲ್ಲಿಗೆ ಹೋಗಿ ನೋಡಬೇಕು ಎಂದು ಯೋಚಿಸುತ್ತಿದ್ದವರು ಮೊಬೈಲು ಜೇಬಿಗಿಟ್ಟು ಚಹಾದಂಗಡಿಯ ಕಡೆ ತಿರುಗಿದರು. ವಾರಿಜಾ ಒದ್ದೆ ತಂತಿಯನ್ನು ಎದೆಗವಚಿಕೊಂಡು ತಲೆ ತಗ್ಗಿಸಿ ನಿಂತಿದ್ದಳು. ಅವಳು ತುಟಿ ಕಚ್ಚಿ ನಗು ತಡೆಯುತ್ತಿದ್ದದ್ದು ಯಾರಿಗೂ ಕಾಣಲಿಲ್ಲ. ಅಣ್ಣ ಅವಳನ್ನು ಹುಟ್ಟಿದಂದಿನಿಂದ ಬೈಯುತ್ತಿದ್ದ. ಆದರೆ ಇಷ್ಟು ಚೆನ್ನಾಗಿ ಎಂದೂ ಬೈದಿರಲಿಲ್ಲ.

ಯಾದವ ಉಸಿರು ತೆಗೆದುಕೊಳ್ಳಲು ನಿಲ್ಲಿಸಿ, ದಕ್ಕೆಯ ಆ ತುದಿಯಲ್ಲಿ ಬಲೆ ಹೆಣೆಯುತ್ತಿದ್ದ ನಾಲ್ಕೈದು ಮಂದಿಯ ಕಡೆ ಕಣ್ಣು ಹಾಯಿಸಿದ. ಅವರಿಗೆ ಕೇಳಿಸಿರಲಿಕ್ಕಿಲ್ಲ ಎಂದು ಅನಿಸಿರಬೇಕು. ಗಂಟಲು ಸರಿಮಾಡಿಕೊಂಡು, ಇನ್ನೂ ಎತ್ತರದ ಸ್ವರದಲ್ಲಿ, ಮತ್ತೆ ಮೊದಲಿನಿಂದ ಶುರು ಮಾಡಿದ.